ಮೆಲಾನಿಯಾಳ ತಪ್ಪು ಪದಗಳು

ಯುದ್ಧ ಮುಗಿದು ಏಳೆಂಟು ವರ್ಷವಾಗಿದ್ದರೂ ವಾರ್ಸಾದಲ್ಲಿ ಒಂದು ಸಂಸಾರಕ್ಕೆ ಒಂದು ಮನೆ ಸಿಗುವ ಕಾಲ ಇನ್ನೂ ಬಂದಿರಲಿಲ್ಲ. ನದಿಯ ಬಲದಂಡೆಯ ಪ್ರಾಗಾ ಬಡಾವಣೆಯಲ್ಲಿ, ಬಾಂಬಿಗೆ ಬೀಳದೆ ಉಳಿದ ಕಟ್ಟಡವೊಂದರ ಮೇಲ್ಮಹಡಿಯಲ್ಲಿ ನನಗೊಂದು ಕೋಣೆಯಿತ್ತು. ಪಕ್ಕದ ಕೋಣೆಯನ್ನು ವಸತಿ ಕಚೇರಿಯವರು ಒಬ್ಬ ತಾಯಿಗೂ ಮಗಳಿಗೂ ಕೊಟ್ಟರು. ಅಡುಗೆಮನೆ ಎರಡೂ ಕಡೆಯವರಿಗೆ ಸೇರಿದ್ದು. ನಾನು ಟ್ರಾಮಿನಲ್ಲಿ ಕಂಡಕ್ಟರ್. ದಿನವಿಡೀ ಜನರ ನೂಕುನುಗ್ಗಲಲ್ಲಿದ್ದು ಬಂದವಳಿಗೆ ಮನೆಯಲ್ಲೂ ಜನ ಬೇಕಿರಲಿಲ್ಲ. ಮುಖ ಗಂಟಿಕ್ಕಿಕೊಂಡೇ ಬಾಗಿಲು ತೆಗೆದೆ.

ತಾಯಿ ಮುಂದೆ ನಿಂತಿದ್ದಳು. ರಜಾಯಿಯಲ್ಲಿ ಸುತ್ತಿದ ಏನನ್ನೋ ಕೂಸಿನ ಹಾಗೆ ಅವಚಿಕೊಂಡಿದ್ದಳು.

"ಸರೀರಿ ಯವ್ವಾ, ಸರೀರಿ, ಕೈ ಸೋತಾವ!" ಎನ್ನುತ್ತಾ ಒಳಗೆ ಬಂದವಳೇ ಅದನ್ನು ಅಡುಗೆಮನೆಯ ಮೇಜಿನ ಮೇಲಿಟ್ಟು ಬಿಚ್ಚಿದಳು. ಒಳಮೈ ತುಂಬ ಗೀರುಗಳಿದ್ದ ದೊಡ್ಡ ಮಣ್ಣಿನ ಬೋಗುಣಿ.

"ಏನಿದು, ಹೂವಿನ ಕುಂಡನಾ?" ಎಂದೆ.

"ಹೂವಿನ ಕುಂಡ ಅಂತ! ತಾ ಯೋಯ್! ಮಾಕೂತ್ರಾ ಐತಿ ಇದು. ಗಸಗಸಿ ಅರಿಯೂದು. ನಿಮ್ಮೂರಾಗ ಗಸಗಸಿ ಹಲ್ಲಿಲೇ ಅರೀತೀರೇನು?"

ನನಗೆ ನಗು ಬಂದುಬಿಟ್ಟಿತು. ಅವಳ ಮಾತಿಗೊಂದು ರಾಗವಿತ್ತು. ಪ್ರತಿ ವಾಕ್ಯವೂ ಕೊನೆಯಲ್ಲಿ ಜೋಕಾಲಿಯ ಹಾಗೆ ಮೇಲಕ್ಕೆ ಹೋಗಿ ಇಳಿಯುತ್ತಿತ್ತು. ಹಾಗೆ ಮಾತಾಡುವವರು ಲ್ವೂಫ್ ಊರಿನವರು. ಯುದ್ಧದ ಕೊನೆಗೆ ಗಡಿಯನ್ನು ಎಳೆದು ಪಡುವಣಕ್ಕೆ ಸರಿಸಿದಾಗ ಆ ಊರು ಸೋವಿಯತ್ತಿನ ಪಾಲಾಯಿತು. ಈ ತಾಯಿ ಮೆಲಾನಿಯಾಳನ್ನೂ ಅವಳ ಮಗಳು ತೆಕ್ಲಾಳನ್ನೂ ಉಳಿದವರ ಜೊತೆ ಗೂಡ್ಸ್ ಗಾಡಿಗೆ ತುಂಬಿ ಕಳಿಸಿದರು. ಗಂಡ ಅಲ್ಲಿನ ಮಣ್ಣಿನಲ್ಲೇ ಉಳಿದ. ತಂದದ್ದು ರಜಾಯಿ, ಒಂದು ಚಿತ್ರಪಟ, ಆ ಬೋಗುಣಿ ಮತ್ತು ಆ ಮಾತು.

ತೆಕ್ಲಾ ಓದಿದವಳು. ಶಾಲೆಗಳಿಗೂ ಸರ್ಕಾರಿ ಕಚೇರಿಗಳಿಗೂ ಒಂದು ಸಂಪುಟದ ಪೋಲಿಷ್ ನಿಘಂಟು ಮಾಡುತ್ತಿದ್ದ ಕಚೇರಿಯಲ್ಲಿ ಅವಳಿಗೆ ಕೆಲಸ. ಹೊರಗೆ ಅವಳು ನಮ್ಮೆಲ್ಲರ ಹಾಗೆ ಮಾತಾಡುತ್ತಿದ್ದಳು. ಹೊಸ್ತಿಲು ದಾಟಿ ಚಪ್ಪಲಿ ಬಿಟ್ಟೊಡನೆ, "ಅವ್ವಾ, ಹೊಟ್ಟಿ ಹಸದೈತಿ," ಎಂದು ಅವಳ ಮಾತೂ ಬೇರೆಯಾಗುತ್ತಿತ್ತು.

ಮೆಲಾನಿಯಾಗೆ ಬೀದಿಯಲ್ಲಿ ಕಷ್ಟವಿತ್ತು. ಒಂದು ದಿನ ದಿನಸಿ ಅಂಗಡಿಯ ಸಾಲಿನಲ್ಲಿ ನಾನೂ ಜೊತೆಗಿದ್ದೆ. ಅವಳು "ಹ್ರೆಚ್ಕಾ ಕೊಡವಾ" ಅಂದಳು. ನಾವು ಗ್ರಿಕಾ ಅನ್ನುವ ಧಾನ್ಯವನ್ನು ಅವರು ಹಾಗನ್ನುತ್ತಾರೆ. ಅಂಗಡಿಯವಳು ಸೊಂಟದ ಮೇಲೆ ಕೈಯಿಟ್ಟು, "ಅದ್ಯಾವ ದೇಶದ ಮಾತು? ಪೋಲಿಷ್‌ನಲ್ಲಿ ಕೇಳಿ ಪಾನಿ, ಕೊಡ್ತೀನಿ," ಎಂದಳು. ಪಾನಿ ಅಂದರೆ ನಮ್ಮಲ್ಲಿ ಅಮ್ಮಾವ್ರು, ಗಂಡಸಾದರೆ ಪಾನ್; ಅವಳ ಬಾಯಲ್ಲಿ ಮಾತ್ರ ಅದು ಅಣಕ. ಸಾಲಿನಲ್ಲಿದ್ದವರು ನಕ್ಕರು.

ಮೆಲಾನಿಯಾಳ ಕಿವಿ ಕೆಂಪಾಯಿತು. ದಾರಿಯಲ್ಲಿ ನನ್ನ ತೋಳು ಹಿಡಿದು, "ತೆಕ್ಲಾನ ಪುಸ್ತಕ ಬರಲಿ ಹೊನೊರಾತಾ. ಅಕಿ ಮಾರೀ ಮುಂದ ಹಿಡೀತೀನಿ. ಓದಿಕೋ ಅಂತೀನಿ, ಇದು ಯಾವ ದೇಶದ್ದು ಅಂತ," ಎಂದಳು.

ಆ ನಂಬಿಕೆಯನ್ನು ಅವಳಲ್ಲಿ ಬೆಳೆಸಿದ್ದು ತೆಕ್ಲಾಳೇ. ಆಲೂಗಡ್ಡೆ ಸುಲಿಯುತ್ತಾ ಅವಳು ನಮಗೆ ನಿಘಂಟುಗಳ ಕಥೆಯನ್ನು ಮನೆತನದ ಕಥೆಯ ಹಾಗೆ ಹೇಳುತ್ತಿದ್ದಳು. ಮೂರು ರಾಜರು ಸೇರಿ ಪೋಲೆಂಡನ್ನು ಹಂಚಿಕೊಂಡು ನಕ್ಷೆಯಿಂದಲೇ ಅಳಿಸಿದ ಮೇಲೆ ವಾರ್ಸಾದಲ್ಲಿ ಮೊದಲ ದೊಡ್ಡ ನಿಘಂಟು ಬಂದದ್ದು. ಅದರ ಎರಡನೆಯ ಮುದ್ರಣ ಅಚ್ಚಾದದ್ದು ಅವರ ಲ್ವೂಫ್‌ನಲ್ಲೇ. ಆಮೇಲೆ ರಷ್ಯಾದ ಚಕ್ರವರ್ತಿ ತ್ಸಾರನ ಕಣ್ಣೆದುರಿಗೇ ಜನ ಹಳ್ಳಿಹಳ್ಳಿಯ ಮಾತನ್ನೆಲ್ಲ ಹೆಕ್ಕಿ ಇನ್ನೂ ದೊಡ್ಡದೊಂದನ್ನು ಕಟ್ಟಿದ್ದು.

"ಶಾಲೆಯಲ್ಲಿ ಪೋಲಿಷ್ ಆಡಿದರೆ ಮಕ್ಕಳಿಗೆ ಶಿಕ್ಷೆ ಆಗ್ತಿದ್ದ ಕಾಲ ಅದು," ಎಂದು ತೆಕ್ಲಾ ನನಗೆ ಹೇಳುವಳು. "ಆಗಲೂ ಯಾವ ಊರಿನ ಮಾತನ್ನೂ ಹೊರಗೆ ಹಾಕಿರಲಿಲ್ಲ."

ಮೆಲಾನಿಯಾ ಹಿಟ್ಟು ನಾದುತ್ತಲೇ ಪದಗಳನ್ನು ಎತ್ತಿಕೊಡುತ್ತಿದ್ದಳು. ಪೋಲಿ ಹುಡುಗರಿಗೆ ಅವರಲ್ಲಿ ಬಾತ್ಯಾರ್ ಎನ್ನುತ್ತಾರೆ, ಆಲೂಗಡ್ಡೆ ಕಡುಬಿಗೆ ಪಿರೊಹಿ. "ಬರಕೊಂಡಿ ಏನs? ಬರಕೋ. ನಾ ಸತ್ತರ ಯಾರು ಹೇಳ್ತಾರ?" ತೆಕ್ಲಾ ಹಿಟ್ಟಿನ ಕೈಯಲ್ಲೇ ಚೀಟಿಗಳ ಮೇಲೆ ಬರೆದುಕೊಳ್ಳುವಳು.

ತೆಕ್ಲಾ ಎಂಬ ಹೆಸರಿನ ಸಂತಳ ಹಬ್ಬ ಸೆಪ್ಟೆಂಬರಿನಲ್ಲಿ; ನಮ್ಮಲ್ಲಿ ಆ ಹೆಸರಿನವರು ಅದನ್ನು ಹುಟ್ಟುಹಬ್ಬದ ಹಾಗೆ ಆಚರಿಸುತ್ತಾರೆ. ಆ ವರ್ಷ ಅವಳ ಮುಖ್ಯ ಸಂಪಾದಕ ಪಾನ್ ಗೊಝೆಲಾಕ್ ಹೂವಿನ ಗೊಂಚಲು ಹಿಡಿದು ಮನೆಗೆ ಬಂದ. ಎತ್ತರದ ಬಾಗಿದ ಆಳು, ತೆಳ್ಳನೆ ದನಿ. ಮೆಲಾನಿಯಾಳ ಕೈ ಹಿಡಿದು ಮುತ್ತಿಟ್ಟ. ಹುಳಿಕೆನೆ ಹಾಕಿಕೊಂಡು ತಟ್ಟೆ ತಟ್ಟೆ ಕಡುಬು ತಿಂದ. ಅವಳು ಮಾತಾಡಿದಷ್ಟೂ ಕಣ್ಣು ಮುಚ್ಚಿ ಕೇಳಿದ.

"ಇನ್ನೂ ಹೇಳಿ ಪಾನಿ ಮೆಲಾನಿಯಾ, ನಿಲ್ಲಿಸಬೇಡಿ. ಇದು ಜೇನು. ಪುಸ್ತಕದಲ್ಲಿ ಇಂಥದ್ದೇ ಇರಬೇಕು."

"ಪಿರೊಹಿ ಹೊಗಳ್ತೀರೋ ಮಾತು ಹೊಗಳ್ತೀರೋ?" ಎಂದಳು ಅವಳು. ಎಲ್ಲರೂ ನಕ್ಕೆವು. ಅವನು ಹೋದ ಮೇಲೆ ಅವಳು ಅಡುಗೆಮನೆಯಲ್ಲಿ ಒಬ್ಬಳೇ ಹಾಡು ಗುನುಗುತ್ತಿದ್ದಳು.

ಚಳಿಗಾಲದಲ್ಲಿ ಒಂದು ಸಂಜೆ ತೆಕ್ಲಾ ಕೋಟನ್ನೂ ಬಿಚ್ಚದೆ ಅಡುಗೆಮನೆಯ ಸ್ಟೂಲಿನ ಮೇಲೆ ಕೂತಳು. ತಾಯಿ ಚರ್ಚಿಗೆ ಹೋಗಿದ್ದಳು.

"ಮೇಲಿನವರು ಕರಡು ನೋಡಿದರಂತೆ ಹೊನೊರಾತಾ. ಗಡಿಯ ಆ ಕಡೆಯ ಊರಿನ ಹೆಸರು ಎಲ್ಲೂ ಇರಬಾರದಂತೆ. 'ಲ್ವೂಫ್‌ನ ಬಳಕೆ' ಅಂತ ಬರೆದರೆ ಆ ಊರನ್ನು ಇನ್ನೂ ನಮ್ಮದು ಅಂತಿದ್ದೀವಿ ಅಂತ ಅರ್ಥವಂತೆ. ಊರು ನಮ್ಮದಲ್ಲ, ಪದವೂ ನಮ್ಮದಲ್ಲ."

"ಗೊಝೆಲಾಕ್ ಏನಂದರು?"

"ಅವರ ತಮ್ಮ ಜೈಲಲ್ಲಿದ್ದಾನೆ. ಅವರೇನು ಅಂತಾರೆ? ನನ್ನ ಕಣ್ಣು ನೋಡದೇನೇ ಎರಡು ದಾರಿ ಹೇಳಿದರು. ಪದ ತೆಗೆದುಬಿಡು, ಇಲ್ಲಾ 'ತಪ್ಪು ಪ್ರಯೋಗ' ಅಂತ ಗುರುತು ಹಾಕಿ ಸರಿಯಾದ ಪದ ಪಕ್ಕದಲ್ಲಿ ಕೊಡು."

"ನೀನು?"

ಅವಳು ಕೈಗವಸಿನ ಬೆರಳುಗಳನ್ನು ಒಂದೊಂದಾಗಿ ಎಳೆಯುತ್ತಾ ಕೂತಿದ್ದಳು. "ತೆಗೆದರೆ ಸತ್ತ ಹಾಗೆ. ಬೈಸಿಕೊಂಡಾದರೂ ಒಳಗಿದ್ದರೆ, ಮುಂದೆ ಯಾರೋ ಒಬ್ಬರು ಪುಟ ತಿರುಗಿಸಿ ನೋಡಬಹುದು. ಇಂಥದ್ದೊಂದು ಪದ ಇತ್ತಲ್ಲ ಅನ್ನಬಹುದು. ಗುರುತು ಹಾಕಿದೆ. ನಾನೇ ಹಾಕಿದೆ, ಬೇರೆಯವರ ಕೈಗೆ ಕೊಡಲಿಲ್ಲ."

ತಾಯಿಗೆ ಹೇಳು ಅಂದೆ. ಹೇಳ್ತೀನಿ ಅಂದಳು. ಪುಸ್ತಕ ಅಚ್ಚಾಗುವವರೆಗೂ ಹೇಳಲಿಲ್ಲ.

ಪುಸ್ತಕ ಬಂದ ದಿನ ಮೆಲಾನಿಯಾ ಮೇಜು ಒರೆಸಿ ಬಿಳಿ ಬಟ್ಟೆ ಹಾಸಿದ್ದಳು. ಕೈ ತೊಳೆದು ಕನ್ನಡಕ ಹಾಕಿಕೊಂಡಳು. ತೆಕ್ಲಾ, "ಅವ್ವಾ, ಒಂದು ಮಾತು ಕೇಳು ಮೊದಲು," ಎಂದಳು. "ತಡೀ ಸ್ವಲ್ಪ," ಎಂದು ತಾಯಿ ಪುಟ ತಿರುಗಿಸಿದಳು. ಬೆರಳು ಇಳಿಯುತ್ತಾ ಬಂದು ಒಂದು ಕಡೆ ನಿಂತಿತು. ತುಟಿ ಅಲುಗಿಸುತ್ತಾ ಓದಿದಳು. ಆಮೇಲೆ ಗಟ್ಟಿಯಾಗಿ, ಅಕ್ಷರ ಬಿಡಿಸಿ ಓದಿದಳು:

"ಮಾಕೂತ್ರಾ. ಅಶಿಷ್ಟ. ತಪ್ಪು ಪ್ರಯೋಗ. ಸರಿಯಾದ ರೂಪ, ದೋನಿತ್ಸಾ."

ಮತ್ತೆ ಪುಟ ತಿರುಗಿಸಿದಳು. ಹ್ರೆಚ್ಕಾ, ತಪ್ಪು. ಪಿರೊಹಿ, ತಪ್ಪು. ಬಾತ್ಯಾರ್, ಅಶಿಷ್ಟ. ಅವಳು ಎತ್ತಿಕೊಟ್ಟ ಪದಗಳೆಲ್ಲ ಅಲ್ಲಿದ್ದವು. ಒಂದನ್ನೂ ಮಗಳು ಬಿಟ್ಟಿರಲಿಲ್ಲ.

"ಯಾರು ಬರದಾರ ಇದನ್ನ?"

"ನಾನವ್ವಾ. ಬ್ಯಾರೆ ದಾರಿ ಇರಲಿಲ್ಲ. ಇಲ್ಲಾಂದ್ರ ಪೂರಾ ತಗದು ಹಾಕ್ತಿದ್ರು."

"ತಗೀಬೇಕಿತ್ತು." ಮೆಲಾನಿಯಾ ಕನ್ನಡಕ ತೆಗೆದು ಮಡಿಸಿದಳು. "ದೇಶ ಇರಲಾರದಾಗ ನಮ್ಮ ಮಾತಿಗೆ ಜಾಗ ಇತ್ತು ಅಂದಿದ್ದಿಯಲ್ಲ. ಈಗ ದೇಶ ಐತಿ. ಅಂಗಡಿಯಾಕಿ ಅಂದದ್ದು ಖರೇನs ಆತು. ಅಕಿ ಬಾಯಿಲೇ ಅಂದಳು, ನೀ ಅಚ್ಚು ಹಾಕಿಸಿದಿ."

ಗಲಾಟೆ ಮಾಡಿದ್ದರೆ, ತಟ್ಟೆ ಒಡೆದಿದ್ದರೆ ಎಲ್ಲರಿಗೂ ಒಳ್ಳೆಯದಿತ್ತು. ಅವಳು ಏನೂ ಮಾಡಲಿಲ್ಲ. ಮಾರನೆಯ ದಿನದಿಂದ ನಿಘಂಟನ್ನು ಕಿಟಕಿಯ ಬಳಿ ಇಟ್ಟುಕೊಂಡು ಓದತೊಡಗಿದಳು. ಪೆನ್ಸಿಲಿನಿಂದ ಗೆರೆ ಎಳೆದು ಬಾಯಿಪಾಠ ಮಾಡುತ್ತಿದ್ದಳು. ರೇಡಿಯೋದಲ್ಲಿ ವಾರ್ತೆ ಬಂದಾಗ ಹತ್ತಿರ ಕೂತು, ಓದುವವನ ಹಿಂದೆಯೇ ಮೆಲ್ಲಗೆ ಹೇಳಿಕೊಳ್ಳುತ್ತಿದ್ದಳು. ಮೊದಲು ಕೋಪ ಅಂದುಕೊಂಡೆವು, ಒಂದೆರಡು ವಾರದಲ್ಲಿ ಇಳಿಯುತ್ತದೆ ಎಂದುಕೊಂಡೆವು.

ಕ್ರಿಸ್‌ಮಸ್ ಹಿಂದಿನ ಸಂಜೆ ಗಸಗಸೆ ಅರೆಯಬೇಕಿತ್ತು. ಮೆಲಾನಿಯಾ ಮಗಳ ಕಡೆ ತಿರುಗಿ, "ತೆಕ್ಲಾ, ದಯವಿಟ್ಟು ಆ ದೋನಿತ್ಸಾ ಕೊಡುತ್ತೀಯಾ?" ಎಂದಳು. ರಾಗವಿಲ್ಲ, ಜೋಕಾಲಿಯಿಲ್ಲ. ಇಸ್ತ್ರಿ ಹಾಕಿದ ಹಾಗಿತ್ತು ಮಾತು.

ತೆಕ್ಲಾ ಬೋಗುಣಿ ಹಿಡಿದುಕೊಂಡೇ ಅತ್ತಳು. "ಅವ್ವಾ, ನನ್ನ ಜೋಡಿ ಹಂಗ ಮಾತಾಡಬ್ಯಾಡ. ಬೇಕಾರ ಬೈಯಿ. ನಿನ್ನ ಕಾಲಿಗೆ ಬೀಳ್ತೀನಿ, ಹಂಗ ಮಾತಾಡಬ್ಯಾಡ."

"ಹೇಗೆ ಮಾತನಾಡುತ್ತಿದ್ದೇನೆ? ಸರಿಯಾಗಿಯೇ ಮಾತನಾಡುತ್ತಿದ್ದೇನೆ. ತಪ್ಪಿದ್ದರೆ ತಿದ್ದು. ನಿನ್ನ ಕೆಲಸವೇ ಅದು."

ಊಟದ ಹೊತ್ತಿಗೆ ಪವಿತ್ರ ರೊಟ್ಟಿ ಮುರಿದು ಒಬ್ಬರಿಗೊಬ್ಬರು ಹರಸಿದೆವು. ಮಗಳಿಗೆ ಆರೋಗ್ಯವೂ ವೃತ್ತಿಯಲ್ಲಿ ಯಶಸ್ಸೂ ಸಿಗಲಿ ಎಂದು ತಾಯಿ ಹಾರೈಸಿದಳು. ಒಂದು ಅಕ್ಷರವೂ ತಪ್ಪಿರಲಿಲ್ಲ.

ಹಾಗೆಯೇ ವರ್ಷಗಳು ಹೋದವು. ತಾಯಿ ಅಡುಗೆ ಮಾಡಿದಳು, ಮಗಳ ಜ್ವರಕ್ಕೆ ಪಟ್ಟಿ ಹಾಕಿದಳು, ಬಟ್ಟೆ ಹೊಲಿದುಕೊಟ್ಟಳು. ಮಾತು ಮಾತ್ರ ಹಿಂದಕ್ಕೆ ಬರಲಿಲ್ಲ. ತೆಕ್ಲಾ ಬಾಗಿಲಲ್ಲಿ ಚಪ್ಪಲಿ ಬಿಡುತ್ತಾ ಹಳೆಯ ಧಾಟಿಯಲ್ಲಿ ಶುರು ಮಾಡುವಳು. ಎದುರಿನಿಂದ ವಾರ್ತೆಯ ಧಾಟಿಯಲ್ಲಿ ಉತ್ತರ ಬರುವುದು. ಕೊನೆಗೆ ಅವಳೂ ಬಿಟ್ಟಳು. ನನ್ನ ಅಡುಗೆಮನೆಯಲ್ಲಿ ಇಬ್ಬರು ಹೆಂಗಸರು ಪತ್ರಿಕೆಯ ಭಾಷೆಯಲ್ಲಿ ಉಪ್ಪು ಕೇಳುತ್ತಿದ್ದರು. ಒರಟು ಪ್ರಾಗಾ ಮಾತಿನವಳು ನಾನೊಬ್ಬಳೇ ಉಳಿದೆ.

ಎಪ್ಪತ್ತರ ದಶಕದಲ್ಲಿ ಗಾಳಿ ಬದಲಾಯಿತು. ಹಳೆಯ ಪ್ರಾಂತ್ಯಗಳ ಮಾತು ಅಮೂಲ್ಯ ನಿಧಿ ಎಂದು ವಿದ್ವಾಂಸರೇ ಹೇಳತೊಡಗಿದರು. ನಿವೃತ್ತನಾಗಿದ್ದ ಗೊಝೆಲಾಕ್ ಮೂಡಣದ ಮಾತುಗಳ ಬಗ್ಗೆ ಉಪನ್ಯಾಸ ಕೊಟ್ಟು ಚಪ್ಪಾಳೆ ಗಿಟ್ಟಿಸಿದ. "ನನ್ನ ತಟ್ಟೆಯಲ್ಲಿ ಒಮ್ಮೆ ಜೇನು ಸುರಿದಿತ್ತು" ಎಂದನಂತೆ. ಅವನೇ ಒಬ್ಬ ಸಂಶೋಧಕಿಯನ್ನು ನಮ್ಮ ಮನೆಗೆ ಕಳಿಸಿದ. ಕೂದಲು ನೆರೆಯತೊಡಗಿದ್ದ ಶಾಂತ ಹೆಂಗಸು. ಟೇಪ್ ರೆಕಾರ್ಡರನ್ನು ಮೇಜಿನ ಮೇಲಿಟ್ಟು ಗುಂಡಿ ಒತ್ತಿದಳು.

"ಪಾನಿ ಮೆಲಾನಿಯಾ, ಲ್ವೂಫ್‌ನಲ್ಲಿ ಕ್ರಿಸ್‌ಮಸ್ಸಿಗೆ ಏನೇನು ಮಾಡ್ತಿದ್ರಿ, ನಿಮ್ಮ ಮಾತಲ್ಲೇ ಹೇಳಿ."

ಮೆಲಾನಿಯಾ ತಲೆಗೆ ಕಟ್ಟಿದ ಬಟ್ಟೆ ಸರಿಪಡಿಸಿಕೊಂಡು ನೆಟ್ಟಗೆ ಕೂತಳು. "ಗೋಧಿ, ಗಸಗಸೆ ಮತ್ತು ಜೇನುತುಪ್ಪವನ್ನು ಬೆರೆಸಿ ಖಾದ್ಯವನ್ನು ತಯಾರಿಸುತ್ತಿದ್ದೆವು. ಗಸಗಸೆಯನ್ನು ದೋನಿತ್ಸಾದಲ್ಲಿ ಅರೆಯುತ್ತಿದ್ದೆವು."

"ಮನೆಯಲ್ಲಿ ಅದಕ್ಕೆ ಬೇರೆ ಏನಾದರೂ ಅಂತಿದ್ರಾ?"

"ಬೇರೆ ಪದವಿದೆ. ಅದು ತಪ್ಪು. ಪುಸ್ತಕದಲ್ಲಿದೆ, ನೋಡಿಕೊಳ್ಳಿ."

ಸಂಶೋಧಕಿ ಇನ್ನಷ್ಟು ಕೇಳಿ ಸೋತಳು. "ಇವರದು ಶುದ್ಧ ಗ್ರಾಂಥಿಕ ಮಾತು. ನಮಗೆ ಉಪಯೋಗ ಇಲ್ಲ," ಎಂದು ತೆಕ್ಲಾಳ ಕಿವಿಯಲ್ಲಿ ಪಿಸುಗುಟ್ಟಿದಳು.

"ನಾನು ಹೇಳ್ತೀನಿ, ನನಗೆಲ್ಲಾ ಗೊತ್ತು," ಎಂದು ತೆಕ್ಲಾ ಯಂತ್ರದ ಮುಂದೆ ಕೂತಳು. ಪದಗಳೆಲ್ಲ ಬಂದವು, ಅರ್ಥವೂ ವ್ಯುತ್ಪತ್ತಿಯೂ ಬಂದವು. ರಾಗ ಬರಲಿಲ್ಲ. ಮತ್ತೆ ಪ್ರಯತ್ನಿಸಿದಳು, ಬೇರೆ ಯಾರನ್ನೋ ಅಣಕಿಸಿದ ಹಾಗಾಯಿತು. ನಡುವೆಯೇ ನಿಲ್ಲಿಸಿದಳು. ಮೆಲಾನಿಯಾ ಎದ್ದು ಅತಿಥಿಗೆ ಚಹಾಕ್ಕೆ ನೀರಿಟ್ಟಳು.

ಅವಳು ಸತ್ತದ್ದು ಅದಾಗಿ ಕೆಲವು ವರ್ಷದ ಮೇಲೆ, ನದಿಯಾಚೆಯ ಆಸ್ಪತ್ರೆಯಲ್ಲಿ. ಜ್ವರ ತಲೆಗೇರಿದವರು ಹುಟ್ಟೂರಿನ ಮಾತಿಗೆ ಮರಳುತ್ತಾರೆ ಎಂದು ತೆಕ್ಲಾ ಎಲ್ಲೋ ಓದಿದ್ದಳು. ರಜೆ ಹಾಕಿ ಹಾಸಿಗೆಯ ಪಕ್ಕದಲ್ಲೇ ಕೂತಳು. ಒಂದು ಮಧ್ಯಾಹ್ನ ನಾನು ಸೂಪು ಒಯ್ದಾಗ ಮೆಲಾನಿಯಾ ಕಣ್ಣು ಮುಚ್ಚಿಕೊಂಡು ಮಾತಾಡುತ್ತಿದ್ದಳು. ತೆಕ್ಲಾ ಉಸಿರು ಹಿಡಿದು ಅವಳ ಬಾಯಿಗೆ ಕಿವಿಯಿಟ್ಟಿದ್ದಳು. "ದಯವಿಟ್ಟು ಕಿಟಕಿಯನ್ನು ತೆರೆಯಿರಿ," ಎನ್ನುತ್ತಿದ್ದಳು ತಾಯಿ. "ಗಾಡಿಯಲ್ಲಿ ಬಹಳ ಜನರಿದ್ದಾರೆ. ದಯವಿಟ್ಟು."

ದಿಂಬು ಸರಿಪಡಿಸಲು ಬಂದ ನರ್ಸ್ ಮೆಚ್ಚಿ ತಲೆದೂಗಿದಳು. "ಎಷ್ಟು ಚೆನ್ನಾಗಿ ಮಾತಾಡ್ತಾರೆ ನಿಮ್ಮ ತಾಯಿ! ಈ ಸ್ಥಿತಿಯಲ್ಲೂ ರೇಡಿಯೋದವರ ಹಾಗೆ. ಟೀಚರಾಗಿದ್ರಾ?"

"ಇಲ್ಲ," ಎಂದಳು ತೆಕ್ಲಾ. "ನಾನು ಕಲಿಸಿದ್ದು."

ನರ್ಸ್ ನಗುತ್ತಾ ಪಕ್ಕದ ಹಾಸಿಗೆಗೆ ಹೋದಳು. ತೆಕ್ಲಾ ಎದ್ದು, ಆಗಲೇ ಪೂರ್ತಿ ತೆರೆದಿದ್ದ ಕಿಟಕಿಯ ಹತ್ತಿರ ಹೋಗಿ ನಿಂತಳು.