ಗುಬ್ಬಿಯ ಹಾಡು

"ಕೊನೆಗೆ ಕಿಟಕಿ ಹಾಡೇ ಇಟ್ಕೊಳ್ಳೋಣ ಕಣೋ. ಅದಿಲ್ದೆ ಜನ ಬಿಡಲ್ಲ," ಎಂದಳು ಹಾಡುಗಾರ್ತಿ, ಮೇಕಪ್ ಕೋಣೆಯ ಕನ್ನಡಿಯಲ್ಲೇ ತಮ್ಮನನ್ನು ನೋಡುತ್ತ.

ಗಿಟಾರಿನ ತಂತಿ ಬಿಗಿಮಾಡುತ್ತಿದ್ದ ತಮ್ಮ ತಲೆ ಎತ್ತಲಿಲ್ಲ. "ಅದು ಗುಬ್ಬಿ ಅಕ್ಕನ ಹಾಡು."

"ತಲೆಗಿಲೆ ಕೆಟ್ಟಿದೆಯೇನೋ? ರೆಕಾರ್ಡಿಂಗ್ ದಿನ ನಂಗೆ ಚೆನ್ನಾಗಿ ನೆನಪಿದೆ. ಗೋಡೆಗೆಲ್ಲ ಕಂಬಳಿ ಹೊಡೆದಿದ್ರು. ಸದ್ದಾಗುತ್ತೆ ಅಂತ ಫ್ಯಾನ್ ಆಫ್ ಮಾಡ್ಸಿದ್ರು. ಬೆವರು ಕಿತ್ಕೊಂಡು ಬರ್ತಿತ್ತು ನಂಗೆ!"

"ಎಲ್ಲಾ ನಿಜ. ನೀನು ಬಾಗಿಲ ಹತ್ರ ಸ್ಟೂಲ್ ಮೇಲೆ ಕೂತಿದ್ದೆ. ಮೈಕ್ ಮುಂದೆ ಇದ್ದಿದ್ದು ಅವಳು."

ಗುಬ್ಬಿ ಹಾಡುಗಾರ್ತಿಯ ಜೊತೆಗೇ ಹಾಡಲು ಶುರುಮಾಡಿದ ಗೆಳತಿ. ಚಿಕ್ಕ ವಯಸ್ಸಿಗೇ ತೀರಿಕೊಂಡಿದ್ದಳು. ಜನ ಅವಳ ಮುಖ ಮರೆತರು, ಹಾಡು ಮರೆಯಲಿಲ್ಲ. ಇಬ್ಬರ ದನಿಯೂ ಹೆಚ್ಚುಕಡಿಮೆ ಒಂದೇ. "ಕಿಟಕಿ ಹಾಡು ನಿಮ್ಮದೇ ಅಲ್ವಾ?" ಎಂದು ಬಸ್ಸಿನಲ್ಲಿ, ಅಂಗಡಿಯಲ್ಲಿ ಕೇಳಿದವರಿಗೆ ಹಾಡುಗಾರ್ತಿ ಮೊದಮೊದಲು ಅಲ್ಲ ಎನ್ನುತ್ತಿದ್ದಳು. ಆಮೇಲೆ ಸುಮ್ಮನೆ ನಗುತ್ತಿದ್ದಳು. ಆ ನಗು ಯಾವಾಗ ಹೌದು ಎಂದಾಯಿತೋ ಅವಳಿಗೇ ತಿಳಿಯದು.

"ಅದನ್ನ ಬಿಟ್ರೆ ನನ್ನದು ಅಂತ ಏನು ಉಳೀತೋ?"

"ಬೇಕಾದಷ್ಟಿದೆ. ಯಾರೂ ಕೇಳಲ್ಲ, ಅಷ್ಟೆ."

"ಬಾಯಿಗೆ ಬೀಗ ಹಾಕ್ಕೊ," ಎಂದು ಸೆರಗು ಕೊಡವಿ ಎದ್ದಳು.

ವೇದಿಕೆಯ ಮೇಲೆ ತನ್ನ ಹಳೆಯ ಹಾಡುಗಳನ್ನೆಲ್ಲ ಹಾಡಿದಳು. ಜನ ಚಪ್ಪಾಳೆ ತಟ್ಟಿದರು, ಆದರೆ ಯಾತಕ್ಕೋ ಕಾಯುವವರಂತೆ ತಟ್ಟಿದರು. ಆಮೇಲೆ ಹಿಂದಿನ ಸಾಲುಗಳಿಂದ ಶುರುವಾಯಿತು: "ಕಿಟಕಿ! ಕಿಟಕಿ!"

ಅವಳು ತಮ್ಮನ ಕಡೆ ನೋಡಿದಳು. ಅವನು ತಂತಿಗಳ ಮೇಲೆ ಅಂಗೈ ಇಟ್ಟು ಸುಮ್ಮನೆ ಕೂತಿದ್ದ.

"ಅದು ನಂದಲ್ಲ ಕಣ್ರಪ್ಪಾ," ಎಂದಳು ಮೈಕಿನಲ್ಲಿ. "ನನ್ನ ಗೆಳತಿದು. ಗುಬ್ಬಿದು."

ಸಭಾಂಗಣ ನಕ್ಕಿತು. "ಎಂಥಾ ದೊಡ್ಡ ಮನಸ್ಸು ನೋಡ್ರೀ!" ಎಂದಳು ಮುಂದಿನ ಸಾಲಿನ ಹೆಂಗಸೊಬ್ಬಳು.

"ಅಯ್ಯೋ, ನಿಜವಾಗ್ಲೂ ನಂದಲ್ಲ!"

ಚಪ್ಪಾಳೆ ಇನ್ನೂ ಜೋರಾಯಿತು. ಯಾರೋ ಪಲ್ಲವಿ ಎತ್ತಿಯೇಬಿಟ್ಟರು; ಸಭೆಯೆಲ್ಲ ಸೇರಿಕೊಂಡಿತು. ಅವಳು ಮೈಕನ್ನು ಬೆನ್ನ ಹಿಂದೆ ಹಿಡಿದು ನಿಂತಳು. ತುಟಿ ಮಾತ್ರ ಅವಳ ಮಾತು ಕೇಳಲಿಲ್ಲ, ತನ್ನಷ್ಟಕ್ಕೆ ಆಡುತ್ತಿತ್ತು. ದನಿ ಮೇಲಕ್ಕೇರುವ ಮುನ್ನ ಗುಬ್ಬಿ ಉಸಿರೆಳೆದುಕೊಳ್ಳುತ್ತಿದ್ದ ಜಾಗದಲ್ಲಿ ಇಡೀ ಸಭೆ ಉಸಿರೆಳೆದುಕೊಂಡಿತು. ಅವಳೂ.

ಮೆಟ್ಟಿಲಿಳಿಯುವಾಗ ತಮ್ಮನ ತೋಳು ಹಿಡಿದು ಕೇಳಿದಳು, "ಆ ಸ್ಟೂಲು ಒಂದು ಕಡೆ ವಾಲ್ತಿತ್ತು, ಅಲ್ವೇನೋ?"

"ಹೂಂ, ವಾಲ್ತಿತ್ತು."

"ಹಾಗಾದ್ರೆ ಅದ್ರ ಮೇಲೆ ಕೂತಿದ್ದು ನಾನೇ." ಒಂದು ಮೆಟ್ಟಿಲಿಳಿದು ಮತ್ತೆ ನಿಂತಳು. "ಬೆವರು ಯಾಕೋ ಬಂತು ಮತ್ತೆ ನಂಗೆ?"

"ಫ್ಯಾನ್ ಎಲ್ರಿಗೂ ಆಫ್ ಆಗಿತ್ತಲ್ಲಕ್ಕಾ."