ಏಳು ಕಟ್ಟು

ಆರು ದಿನದ ಮತದಾನದಲ್ಲಿ, ಮೊದಲೇ ನೋಯುತ್ತಿದ್ದ ಯಾದ್ವಿಗಾಳ ಕಾಲು ಊದಿಕೊಂಡು ಚಪ್ಪಲಿಯಲ್ಲಿ ಹಿಡಿಯದಂತಾಗಿತ್ತು. ನಸುಕಿನಲ್ಲೇ ಬಂದು ಶಾಲೆಯ ಅಡುಗೆಮನೆಯಲ್ಲಿ ಎಲೆಕೋಸು ತುಂಬಿದ ಬನ್ನು ಸುಡಬೇಕು. ಮತ ಹಾಕಲು ಬಂದವರಿಗೆ ಅದನ್ನು ಅಗ್ಗಕ್ಕೆ ಮಾರಬೇಕು. ಆಮೇಲೆ ಏಪ್ರನ್ ಬಿಚ್ಚಿ, ತಲೆ ಬಾಚಿಕೊಂಡು, ವ್ಯಾಯಾಮದ ಹಾಲ್‌ನಲ್ಲಿ ಮತಗಟ್ಟೆ ಸಮಿತಿಯ ಸದಸ್ಯೆಯಾಗಿ ಕೂರಬೇಕು.

ಅವಳೇನು ಕೇಳಿಕೊಂಡು ಸದಸ್ಯೆಯಾದವಳಲ್ಲ. ಹೆಡ್‌ಮಾಸ್ಟರ್ ಗೆನ್ನಾದಿ ಪಾವ್ಲೊವಿಚ್ ನಾಲ್ವರು ಟೀಚರುಗಳನ್ನು, ಗ್ರಂಥಾಲಯದ ಹೆಂಗಸನ್ನು, ಅಡುಗೆಯ ಯಾದ್ವಿಗಾಳನ್ನು ಸಾಲಾಗಿ ನಿಲ್ಲಿಸಿ, "ನಿಮ್ಮ ಹೆಸರು ಬರೆದಿದ್ದೀನಿ" ಅಂದಿದ್ದ, ಅಷ್ಟೇ. ಮುಖ್ಯಸ್ಥ ಅವನೇ. ಅವನೂ ಸೇರಿ ಏಳು ಜನ. ಹೆಂಗಸರೆಲ್ಲ ಒಂದೊಂದು ವರ್ಷದ ಒಪ್ಪಂದದ ಮೇಲೆ ದುಡಿಯುವವರು. ಯಾದ್ವಿಗಾಳ ಒಪ್ಪಂದ ಈ ಆಗಸ್ಟ್ ಕೊನೆಗೆ ಮುಗಿಯುತ್ತಿತ್ತು. ರಾಜಧಾನಿ ಮಿನ್ಸ್ಕಿಗೆ ನಾಲ್ಕು ಗಂಟೆ ದಾರಿಯ ಆ ಊರಲ್ಲಿ ಶಾಲೆ ಬಿಟ್ಟರೆ ಅಗಸೆನಾರಿನ ಗಿರಣಿ. ಐವತ್ತಮೂರರ ಹೆಂಗಸನ್ನು ಗಿರಣಿಯವರು ಬಾಗಿಲಲ್ಲೇ ವಾಪಸು ಕಳಿಸುತ್ತಾರೆ.

ಮೊದಲ ದಿನವೇ, ಪೆಟ್ಟಿಗೆಗೆ ಒಂದು ಚೀಟಿಯೂ ಬೀಳುವ ಮುಂಚೆ, ಹೆಡ್‌ಮಾಸ್ಟರ್ ಫಲಿತಾಂಶದ ಹಾಳೆ ತಂದು ಮುಂದಿಟ್ಟ. ಸಂಖ್ಯೆ ಬರೆಯುವ ಜಾಗವೆಲ್ಲ ಖಾಲಿ.

"ಏನೂ ಬರ್ದೇ ಇಲ್ವಲ್ಲ, ಗೆನ್ನಾದಿ ಪಾವ್ಲೊವಿಚ್?"

"ಭಾನುವಾರ ಸುಸ್ತಾಗಿರ್ತೀರಿ, ಯಾದ್ವಿಗಾ ಸ್ತೆಪಾನೊವ್ನಾ. ಈಗ್ಲೇ ಸಹಿ ಹಾಕಿದ್ರೆ ಬೇಗ ಮನೆಗೆ ಹೋಗ್ಬಹುದು. ನಿಮ್ಮ ಕಾಲು ನೋಡೇ ಹೇಳ್ತಿದ್ದೀನಿ."

ಎಷ್ಟು ಕನಿಕರ ನೋಡಿ. ಅವಳು ಸಹಿ ಹಾಕಿದಳು. ಎಲ್ಲರೂ ಹಾಕಿದರು.

ಭಾನುವಾರ ಸಂಜೆ ಎಣಿಕೆ. ಅದಕ್ಕೊಂದು ಪದ್ಧತಿ ಇದೆ. ಚೀಟಿಗಳನ್ನೆಲ್ಲ ಕಲೆಸಿ ಏಳು ಕಟ್ಟು ಮಾಡಿ ಹಂಚುತ್ತಾರೆ. ತನ್ನ ಕಟ್ಟನ್ನು ತಾನೇ ಎಣಿಸಬೇಕು, ಪಕ್ಕದವಳದ್ದನ್ನು ನೋಡುವ ಹಾಗಿಲ್ಲ, ಬಾಯಿ ಬಿಡುವ ಹಾಗಿಲ್ಲ. ಎಣಿಸಿದ್ದನ್ನು ಒಂದು ಚೂರು ಕಾಗದದಲ್ಲಿ ಬರೆದು ಹೆಡ್‌ಮಾಸ್ಟರ್ ಕೈಗೆ ಕೊಡಬೇಕು. ಅವನು ಅದನ್ನು ಜೇಬಿಗೆ ಇಳಿಸುತ್ತಾನೆ. ಕೂಡಿಸುವವನು ಅವನೊಬ್ಬನೇ. ವೀಕ್ಷಕನೆಂದು ಬಂದವನನ್ನು ಹಾಲ್‌ನ ಆ ತುದಿಯ ಬೆಂಚಿನ ಮೇಲೆ ಕೂರಿಸಿದ್ದರು. ಅವನಿಗೆ ಕಂಡದ್ದು ಏಳು ಬೆನ್ನು.

ಯಾದ್ವಿಗಾಳ ಕಟ್ಟಿನಲ್ಲಿ ಅಧ್ಯಕ್ಷರಿಗೆ ಮೂವತ್ತೊಂಬತ್ತು, ಎದುರು ನಿಂತಿದ್ದ ಡಾಕ್ಟರಿಗೆ ಎಂಬತ್ತೊಂದು. ಎರಡು ಸಲ ಎಣಿಸಿದಳು. ಹಿಂದಿನ ಚುನಾವಣೆಯಲ್ಲೂ ಹೀಗೇ ಆಗಿತ್ತು. ಆಗ ಅವಳು, 'ನನ್ನ ಕಟ್ಟಿಗೇ ಹೀಗೆ ಬಿದ್ದಿರಬೇಕು, ಉಳಿದವರದ್ದು ಬೇರೆ ಇರಬಹುದು' ಅಂದುಕೊಂಡು ಸುಮ್ಮನಾಗಿದ್ದಳು. ಈ ಸಲವೂ ಹಾಗೇ ಅಂದುಕೊಂಡು ಮನೆಗೆ ಹೋದಳು.

ಸೋಮವಾರ ಬೆಳಿಗ್ಗೆ ಶಾಲೆಯ ಬಾಗಿಲಿಗೆ ಹಾಳೆ ಅಂಟಿಸಿದ್ದರು. ಮೂವತ್ತು ನಲವತ್ತು ಜನ ಮುತ್ತಿಕೊಂಡಿದ್ದರು. ಯಾದ್ವಿಗಾ ಬಂದದ್ದನ್ನು ಮೊದಲು ನೋಡಿದವಳು ಪಕ್ಕದ ಮನೆಯ ಫೈನಾ, ಗಿರಣಿಯ ಕೆಲಸದವಳು.

"ಬಾರಮ್ಮ ಬಾ. ದಾರಿ ಬಿಡ್ರೋ, ಅಧಿಕಾರಿಗಳು ಬಂದ್ರು. ನಮ್ಮ ಕಟ್ಟಡದಲ್ಲೇ ನಲವತ್ತು ಜನ ಡಾಕ್ಟರಿಗೆ ಹಾಕಿದೀವಿ. ಇಲ್ಲಿ ನೋಡಿದ್ರೆ ಮೂವತ್ತೆಂಟು. ಹಂಗಾದ್ರೆ ಉಳಿದ ಊರೆಲ್ಲ ಸೇರಿ ಎರಡು ಓಟು ಸಾಲ ಇಸ್ಕೊಂಡಿದೆಯಾ?"

ಯಾದ್ವಿಗಾ ಓದಿದಳು. ಅಧ್ಯಕ್ಷರಿಗೆ ಎಂಟುನೂರ ಹನ್ನೆರಡು. ಡಾಕ್ಟರಿಗೆ ಮೂವತ್ತೆಂಟು. ಕೆಳಗೆ ಏಳು ಸಹಿ. ಮೂರನೆಯದು ಅವಳದು.

"ಕಡುಬಡವಿ ಕಣೇ ನೀನು, ನಂಗೊತ್ತು. ಆದ್ರೂ ಈ ಕೈಯಲ್ಲಿ ನಮಗೆ ಬನ್ನು ಕೊಟ್ಟು, ಇದೇ ಕೈಯಲ್ಲಿ ಸಹಿ ಹಾಕಿದ್ಯಲ್ಲ" ಅಂದಳು ಫೈನಾ.

ಯಾದ್ವಿಗಾ ತಲೆ ತಗ್ಗಿಸಿ ಒಳಗೆ ಹೋದಳು. ಅವಮಾನಕ್ಕಿಂತ ಹೆಚ್ಚಾಗಿ ತನ್ನ ದಡ್ಡತನಕ್ಕೆ ಮೈ ಉರಿಯುತ್ತಿತ್ತು. ತನ್ನೊಬ್ಬಳ ಕಟ್ಟಿನಲ್ಲೇ ಎಂಬತ್ತೊಂದು. ಏಳೂ ಕಟ್ಟು ಸೇರಿ ಮೂವತ್ತೆಂಟು ಹೇಗಾಗುತ್ತದೆ? ಇಡೀ ಊರಿನ ಮತ ಆಟಕ್ಕುಂಟು, ಲೆಕ್ಕಕ್ಕಿಲ್ಲ.

ಹಾಲ್ ಗುಡಿಸಲು ಬಂದಿದ್ದ ಟೀಚರುಗಳು ಅಡುಗೆಮನೆಯಲ್ಲಿ ಚಹಾ ಕುಡಿಯುತ್ತಿದ್ದರು. ಯಾರೂ ಯಾರ ಮುಖವನ್ನೂ ನೋಡುತ್ತಿರಲಿಲ್ಲ.

"ನನ್ನ ಕಟ್ಟಲ್ಲಿ ಡಾಕ್ಟರಿಗೆ ಎಂಬತ್ತೊಂದು ಇತ್ತು" ಅಂದಳು ಯಾದ್ವಿಗಾ.



"ಅಕ್ಕಾ, ಅದನ್ನ ಹೇಳ್ಬಾರ್ದು" ಅಂದಳು ಗ್ರಂಥಾಲಯದವಳು.

"ಯಾಕೆ? ನಿನ್ನ ಕಟ್ಟಲ್ಲಿ ಎಷ್ಟಿತ್ತು?"

ಅವಳು ಲೋಟದೊಳಗೆ ನೋಡುತ್ತಾ ಕೂತಳು. ಗಣಿತದ ತೈಸಾ ಟೀಚರ್ ಮೆಲ್ಲಗೆ, "ನಂದು ಎಪ್ಪತ್ತಾರು" ಅಂದಳು. "ನನ್ನ ಕಟ್ಟು ಮಾತ್ರ ಹಾಗಿದೆ ಅಂದ್ಕೊಂಡಿದ್ದೆ."

"ನಾನೂ ಹಂಗೇ ಅಂದ್ಕೊಂಡಿದ್ದೆ ಕಣಮ್ಮ. ಎಷ್ಟು ವರ್ಷ ಹಂಗೇ ಅಂದ್ಕೊಂಡಿದ್ದೆ."

ಅಷ್ಟರಲ್ಲಿ ಹೆಡ್‌ಮಾಸ್ಟರ್ ಬಾಗಿಲಲ್ಲಿ ನಿಂತಿದ್ದ. ಎಲ್ಲ ಕೇಳಿಸಿಕೊಂಡಿದ್ದ ಅನ್ನುವುದು ಅವನ ಬಿಳಿಚಿದ ಮುಖದಲ್ಲೇ ಗೊತ್ತಾಗುತ್ತಿತ್ತು.

"ಯಾದ್ವಿಗಾ ಸ್ತೆಪಾನೊವ್ನಾ, ಮೂವತ್ತೊಂದನೇ ತಾರೀಖು ಹತ್ರ ಬರ್ತಿದೆ. ನಿಮ್ಮ ಒಪ್ಪಂದದ ಕಾಗದ ನನ್ನ ಮೇಜಿನ ಮೇಲೇ ಇದೆ."

"ಅದಕ್ಕೂ ಖಾಲಿ ಇದ್ದಾಗ್ಲೇ ಸಹಿ ಹಾಕ್ಲಾ?"

"ನಂಗೂ ಮಕ್ಕಳಿದ್ದಾರೆ" ಅಂದ ಅವನು. ದನಿ ತಗ್ಗಿತ್ತು. "ನನ್ನ ಮೇಲೂ ಒಬ್ಬ ಕೂತಿದ್ದಾನೆ."

"ಅದೂ ನಿಜಾನೇ. ಆದ್ರೆ ಬಾಗಿಲಿಗೆ ಅಂಟಿಸಿರೋದು ನನ್ನ ಹೆಸರು. ಬೈಸ್ಕೊಳ್ಳೋಳು ನಾನು."

ಅವಳು ಅವನ ಪಕ್ಕದಿಂದಲೇ ದಾಟಿ, ಕುಂಟುತ್ತಾ ಹೊರಗೆ ನಡೆದಳು. ಯಾರೂ ತಡೆಯಲಿಲ್ಲ, ಯಾರೂ ಜೊತೆಗೂ ಬರಲಿಲ್ಲ. ಮೆಟ್ಟಿಲ ಮೇಲೆ ನಿಂತು ಜನರ ಕಡೆ ತಿರುಗಿದಳು. ಅವಳಿಗೆ ಭಾಷಣ ಬರುತ್ತಿರಲಿಲ್ಲ.

"ಖಾಲಿ ಹಾಳೆಗೆ ಸಹಿ ಹಾಕಿದೆ. ತಪ್ಪು ನಂದೇ" ಅಂದಳು. "ನಾನು ಎಣಿಸಿದ ಕಟ್ಟಲ್ಲಿ ಡಾಕ್ಟರಿಗೆ ಎಂಬತ್ತೊಂದು ಇತ್ತು. ಎರಡು ಸಲ ಎಣಿಸಿದೀನಿ."

 ಫೈನಾ ಮೆಟ್ಟಿಲ ಹತ್ತಿರ ಬಂದಳು.

ಹಿಂದೆ ಬಾಗಿಲು ಕಿರುಗುಟ್ಟಿತು. ತೈಸಾ ಟೀಚರ್ ಬಂದು ಯಾದ್ವಿಗಾಳ ಪಕ್ಕ ನಿಂತಳು. ಪಾಠ ಹೇಳುವಾಗಿನ ದನಿಯಲ್ಲೇ, "ನನ್ನದರಲ್ಲಿ ಎಪ್ಪತ್ತಾರು. ಎರಡೂ ಸೇರಿ ನೂರ ಐವತ್ತೇಳು" ಅಂದಳು.

ಮುಂದೆ ನಿಂತಿದ್ದ ಗಿರಣಿಯ ಮುದುಕ ಕಸ್ತುಸ್ ಬಾಗಿಲ ಹಾಳೆಯನ್ನು ನೋಡಿದ, ಇವರಿಬ್ಬರನ್ನು ನೋಡಿದ, ಆಮೇಲೆ ಅಡುಗೆಮನೆಯ ಕಿಟಕಿಯ ಕಡೆ ನೋಡಿದ. ಪರದೆಯ ಹಿಂದೆ ಯಾರೋ ಸರಿದರು.

"ಇನ್ನೂ ಐದು ಕಟ್ಟು ಬಾಕಿ ಇದೆ" ಅಂದ. ಟೋಪಿ ತೆಗೆದು ಮೆಟ್ಟಿಲ ಮೇಲೆ ಕೂತ. "ಬರ್ಲಿ. ಇವತ್ತು ಗಿರಣಿಗೆ ಹೋಗಲ್ಲ."

ಫೈನಾ ಅವನ ಪಕ್ಕ ಕೂತಳು. ಆಮೇಲೆ ಒಬ್ಬೊಬ್ಬರಾಗಿ ಉಳಿದವರೂ ಕೂತರು.