ದೊಡ್ಡಕ್ಕನ ಏಳನೆಯ ಕೋಣೆ

ದೊಡ್ಡಕ್ಕನವರು ಹಿಮ್ಮುಖವಾಗಿ ನಡೆಯುತ್ತಿದ್ದರು. ಹನ್ನೊಂದು ಕೋಣೆಗಳು, ನಾಲ್ಕು ಎತ್ತರದ ಹೊಸ್ತಿಲುಗಳು, ಪಿಂಗಾಣಿ ಹೂಜಿಗಳ ನಡುವಿನ ಒಂದು ಇಕ್ಕಟ್ಟು ದಾರಿ. ಇಷ್ಟನ್ನೂ ಪ್ರೇಕ್ಷಕರಿಗೆ ಮುಖ ಕೊಟ್ಟೇ, ಒಮ್ಮೆಯೂ ಹೊರಳಿ ನೋಡದೆ ದಾಟಿಬಿಡುವರು. ಹುಟ್ಟಿದ ಮನೆಯಲ್ಲವೇ, ಬೆನ್ನಿಗೂ ಕಣ್ಣಿತ್ತು. ಮೂರು ತಲೆಮಾರಿನ ಸಿರಿವಂತಿಕೆ ದೇಶದೇಶಗಳಿಂದ ಹೊತ್ತು ತಂದಿದ್ದ ವಸ್ತುರಾಶಿಯನ್ನು ಜನರ ಮುಂದೆ ತೆರೆದಿಟ್ಟು, ಮನೆಯನ್ನೇ ಸಂಗ್ರಹಾಲಯವಾಗಿಸಿದವರು ಅವರೇ. ತಂದೆಯ ಹಳೆಯ ಬೂದು ಕೋಟು ತೊಟ್ಟು, ಒಂದು ಜೇಬಿನಲ್ಲಿ ಬೀಗದ ಕೈಗೊಂಚಲು, ಇನ್ನೊಂದರಲ್ಲಿ ಧೂಳೊರೆಸುವ ಬಟ್ಟೆ ತುರುಕಿಕೊಂಡು ಬಾಗಿಲಲ್ಲಿ ನಿಂತರೆಂದರೆ, ಒಳಬರುವವರು ತಾವಾಗಿಯೇ ದನಿ ತಗ್ಗಿಸುತ್ತಿದ್ದರು. ಸ್ವಂತ ತಮ್ಮನೂ ಅದಕ್ಕೆ ಹೊರತಲ್ಲ.

'ಇರಬಹುದು' ಎಂಬ ಮಾತು ಅವರ ನಾಲಿಗೆಗೆ ಒಗ್ಗದು. ಒಮ್ಮೆ ಪ್ರಾಧ್ಯಾಪಕರೊಬ್ಬರು ಗಡಿಯಾರವೊಂದರ ಕಾಲದ ಬಗ್ಗೆ ಸಂಶಯ ತೋರಿದಾಗ, ಅದರ ಹೊಟ್ಟೆ ಬಿಚ್ಚಿ, ಒಳಗೆ ಕೊರೆದಿದ್ದ ಇಸವಿ ತೋರಿಸಿ, ಮತ್ತೆ ಮುಚ್ಚಿ, ಏನೂ ನಡೆದೇ ಇಲ್ಲವೆಂಬಂತೆ ಮುಂದಿನ ವಸ್ತುವಿಗೆ ಹೋದರಂತೆ. 

ಅವರ ಹೆಮ್ಮೆಯೆಲ್ಲ ಏಳನೆಯ ಕೋಣೆಯಲ್ಲಿ. ಅಲ್ಲಿ ಗಾಜಿನ ಪೆಟ್ಟಿಗೆಯೊಳಗೆ, ಮಖಮಲ್ಲಿನ ಮೇಲೆ, ಎದೆಯೆತ್ತರದ ಒಂದು ಮರದ ಕೋಲು; ತುದಿಗೆ ಕವುಚಿದ ಬಟ್ಟಲಿನಂಥ, ತೂತು ತೂತಾದ ತಾಮ್ರದ ತಲೆ. ಮೆರವಣಿಗೆಯ ರಾಜದಂಡವೆಂದು ಚೀಟಿ. ಆರು ವರ್ಷ ಕೂತು ಬರೆದ ಪುಸ್ತಕದ ಮುಖಪುಟದಲ್ಲೂ ಅದೇ. ಹಿಡಿಯ ಬಳಿಯ ಸುಟ್ಟ ಕಲೆ ಅಗ್ನಿಪೂಜೆಯ ಕುರುಹೆಂದು ಮೂರು ಪುಟಗಳಲ್ಲಿ ಸಾಧಿಸಿದ್ದರು. ಸಿರಿವಂತರ ಮನೆಯ ಹೆಣ್ಣಿನ ಹವ್ಯಾಸವೆಂದು ಮೂಗು ಮುರಿಯುತ್ತಿದ್ದ ವಿದ್ವಾಂಸರು ಅವರನ್ನು ತಮ್ಮ ಸಾಲಿಗೆ ಸೇರಿಸಿಕೊಂಡದ್ದು ಆ ಪುಸ್ತಕದ ನಂತರವೇ.

ನಾನು ಹೋದ ದಿನ ಗುಂಪಿನಲ್ಲಿ ಒಬ್ಬ ಅಜ್ಜಿಯಿದ್ದರು. ರಾಜದಂಡದ ಮುಂದೆ ನಿಂತು ಕಿಸಕ್ಕನೆ ನಕ್ಕರು.

"ಇದು ನಮ್ಮಮ್ಮನ ಕೋಲು ಕಣಮ್ಮ. ಹಂಡೇಲಿ ನಿಮ್ಮನೆ ಬಟ್ಟೆ ಕುದಿಯೋವಾಗ ಇದರಲ್ಲೇ ಅದುಮ್ತಿದ್ಲು. ಆ ಸುಟ್ಟಿರೋದು ನನ್ನಿಂದ. ಒಲೆಗೆ ಒರಗಿಸಿಟ್ಟು ಆಟಕ್ಕೆ ಓಡಿಹೋಗಿದ್ದೆ."

ಅಜ್ಜಿಯ ತಾಯಿ ಆ ಮನೆಯ ಹಿತ್ತಲಲ್ಲಿ ಇಪ್ಪತ್ತು ವರ್ಷ ಬಟ್ಟೆ ಒಗೆದವರಂತೆ. ಹಿತ್ತಲ ಬಾಗಿಲು ದಾಟಬಾರದೆಂಬುದು ಮನೆಯ ಹೆಣ್ಣುಮಕ್ಕಳಿಗಿದ್ದ ಕಟ್ಟಳೆ. ಒಗೆಯುವ ಕೋಣೆಯನ್ನು ಕೆಡವಿದಾಗ ಅದರ ಸಾಮಾನು ಉಗ್ರಾಣ ಸೇರಿತ್ತು. ಅಲ್ಲಿ ಇದೊಂದು ದೊಡ್ಡಕ್ಕನ ಕಣ್ಣಿಗೆ ಬಿದ್ದಿತ್ತು. ಹಿತ್ತಲ ಗಿಡ ಮದ್ದಲ್ಲ ಎನ್ನುತ್ತಾರೆ. ಇಲ್ಲಿ ನೋಡಿದರೆ ಹಿತ್ತಲ ಕೋಲು ರಾಜದಂಡವಾಗಿ ಮೆರೆಯುತ್ತಿತ್ತು!

ದೊಡ್ಡಕ್ಕನ ಮುಖ ಕೆಂಪೇರಿತು. ಆಕೆಯ ತಮ್ಮ ಧಾವಿಸಿ ಬಂದು, ಯಾರೋ ಏನೋ ಅಂದರೆಂದು ಆರು ವರ್ಷ ದುಡಿದು ಗಳಿಸಿದ ಹೆಸರನ್ನು ಮಣ್ಣುಪಾಲು ಮಾಡಿಕೊಳ್ಳಬೇಡ ಅಕ್ಕ, ನಕ್ಕು ಮುಂದಿನ ಕೋಣೆಗೆ ನಡೆ ಎಂದು ಪಿಸುಗುಟ್ಟಿದ್ದು ನಮಗೂ ಕೇಳಿಸಿತು. ನನಗಂತೂ ಆ ಕ್ಷಣ ಆಕೆಯನ್ನು ಕಂಡು ಅಯ್ಯೋ ಅನ್ನಿಸಿತು. ಆಕೆ ಪೆಟ್ಟಿಗೆಯ ಬೀಗ ತೆಗೆದರು, ಕೋಲನ್ನೆತ್ತಿ ಅಜ್ಜಿಯ ಕೈಗೆ ಕೊಟ್ಟರು. ಅಜ್ಜಿ ಸೊಂಟ ಬಗ್ಗಿಸಿ, ಇಲ್ಲದ ಹಂಡೆಯೊಳಗೆ ಅದುಮಿ ತಿರುವಿ ತೋರಿಸಿದರು. ಮರ ಸವೆದು ಬಿದ್ದಿದ್ದ ಎರಡು ತಗ್ಗುಗಳಲ್ಲಿ ಎರಡು ಕೈಗಳೂ ಸರಿಯಾಗಿ ಕೂತವು. 

"ನಾನು ಬರೆದಿದ್ದು ತಪ್ಪು," ಎಂದರು ದೊಡ್ಡಕ್ಕ, ಕೋಣೆಗೆಲ್ಲ ಕೇಳುವಂತೆ. "ನಿಮ್ಮಮ್ಮನ ಹೆಸರು ಹೇಳಿ. ಚೀಟಿ ಈಗಲೇ ಬರೀತೀನಿ."

ಕೋಲು ಮಖಮಲ್ಲಿನ ಮೇಲೆಯೇ ಉಳಿಯಿತು, ಪುಸ್ತಕದ ಮರುಮುದ್ರಣದ ಮುಖಪುಟದಲ್ಲೂ ಉಳಿಯಿತು. ಒಳಗಿನ ಮೂರು ಪುಟಗಳು ಹೋದವು. ವಿದ್ವಾಂಸರು ಬೆನ್ನ ಹಿಂದೆ ನಕ್ಕರು. ಆಕೆಗೆ ಅದು ಗೊತ್ತಿತ್ತು, ನೋವೂ ಆಗಿತ್ತು; ಆದರೆ ಮಾತಿನ ಗತ್ತು ಎಳ್ಳಷ್ಟೂ ಇಳಿಯಲಿಲ್ಲ.

ಗತ್ತಿನವರನ್ನು ಕಂಡರೆ ನಮಗಾಗದು. ತಾನು ಹಿಡಿದ ಮೊಲಕ್ಕೆ ಮೂರೇ ಕಾಲು ಎನ್ನುವವರೆಂದು ಎಲ್ಲರನ್ನೂ ಒಂದೇ ತಕ್ಕಡಿಯಲ್ಲಿ ತೂಗಿಬಿಡುತ್ತೇವೆ. ಅವರಲ್ಲೇ ಅಪರೂಪಕ್ಕೆ ಕೆಲವರು, ತಮ್ಮ ಮಾತಿಗಿಂತ ತಮ್ಮ ಕೈಯಲ್ಲಿರುವ ವಸ್ತು ದೊಡ್ಡದೆಂದು ಬಲ್ಲವರು, ಸೋತದ್ದನ್ನೂ ಹತ್ತು ಜನರ ಮುಂದೆ ಗಟ್ಟಿ ದನಿಯಲ್ಲೇ ಹೇಳುತ್ತಾರೆ. ಅಂಥವರ ವಶದಲ್ಲಿದ್ದಾಗಲೇ ಹಳೆಯ ವಸ್ತುಗಳಿಗೆ ತಮ್ಮ ನಿಜವಾದ ಒಡೆಯರು ಸಿಕ್ಕುವುದು.